ಟೇಪಿಗೆ ಬ್ಲೇಡು ಹಾಕಿ ನಗಿಸಿದವರು

ಪ್ರಶ್ನೆ: ಅರವತ್ತರ ದಶಕದ ಅಮೆರಿಕನ್ ಕಾಮಿಡಿ ಷೋಗಳಲ್ಲಿ ಜೋಕುಗಳು ಪಟಪಟನೆ ಬದಲಾಗುತ್ತವೆ. ಕಂಪ್ಯೂಟರ್ ಇಲ್ಲದೆ ಎಡಿಟ್ ಮಾಡುತ್ತಿದ್ದುದು ಹೇಗೆ?

ಬ್ಲೇಡಿನಿಂದ. ಮಾತಿಗೆ ಹೇಳುತ್ತಿಲ್ಲ, ನಿಜವಾದ ಬ್ಲೇಡೇ.

1956ರಲ್ಲಿ ಆಂಪೆಕ್ಸ್ ಕಂಪನಿ ತಂದ ವಿಡಿಯೋ ಟೇಪು ಎರಡು ಇಂಚು ಅಗಲವಿತ್ತು, ಸೆಕೆಂಡಿಗೆ 15 ಇಂಚು ಓಡುತ್ತಿತ್ತು. ಸೆಕೆಂಡಿಗೆ 30 ಫ್ರೇಮು, ಅಂದರೆ ಫ್ರೇಮೊಂದಕ್ಕೆ ಅರ್ಧ ಇಂಚು. ಫಿಲ್ಮನ್ನು ಬೆಳಕಿಗೆ ಹಿಡಿದರೆ ಚಿತ್ರ ಕಾಣುತ್ತದೆ. ಟೇಪಿನಲ್ಲಿ ಏನೂ ಕಾಣದು. ಅದಕ್ಕೇ ಎಡಿಟರ್ ಕಬ್ಬಿಣದ ನುಣ್ಣನೆ ಪುಡಿ ಬೆರೆಸಿದ ದ್ರವ ಹಚ್ಚಬೇಕು, ಮೂಡಿದ ಗೆರೆಗಳನ್ನು ಸೂಕ್ಷ್ಮದರ್ಶಕದಲ್ಲಿ ನೋಡಬೇಕು, ಫ್ರೇಮುಗಳ ಸಂದಿನಲ್ಲೇ ಕೊಯ್ದು ಹಿಂಬದಿಗೆ ಪಟ್ಟಿ ಅಂಟಿಸಬೇಕು. ಜಾಗ ತಪ್ಪಿತೋ, ಪರದೆಯ ಮೇಲೆ ಚಿತ್ರ ಉರುಳುತ್ತಿತ್ತು. ಸಾಲದ್ದಕ್ಕೆ, ಒಂದು ಚಿತ್ರಕ್ಕೆ ಸೇರಿದ ಧ್ವನಿ ಟೇಪಿನಲ್ಲಿ ಒಂಬತ್ತು ಇಂಚಿಗೂ ಹೆಚ್ಚು ಆಚೆ ಇರುತ್ತಿತ್ತು, ಸುಮಾರು 0.6 ಸೆಕೆಂಡಿನಷ್ಟು. ಚಿತ್ರ ನೋಡಿ ಕತ್ತರಿಸಿದರೆ ಮಾತು ಅರ್ಧಕ್ಕೇ ತುಂಡು. ಹಾಸ್ಯದಲ್ಲಿ ಕೊನೆಯ ಪದ ಹೋದರೆ ಇನ್ನೇನು ಉಳಿಯಿತು?

ಅಮೆರಿಕದ ಟಿವಿ ಜಾಲ ಎನ್‌ಬಿಸಿಯ ಎಡಿಟರ್ ಆರ್ಟ್ ಶ್ನೈಡರ್ ಮತ್ತು ಅವರ ಸಂಗಡಿಗರು ಇದಕ್ಕೊಂದು ಉಪಾಯ ಹೂಡಿದರು. ಟೇಪಿನಲ್ಲಿದ್ದುದನ್ನು ಮೊದಲು ಅಗ್ಗದ ಕಪ್ಪು-ಬಿಳುಪು ಫಿಲ್ಮಿಗೆ ಇಳಿಸುವುದು. ಜೊತೆಗೆ ನಿಮಿಷ, ಸೆಕೆಂಡು ಹೇಳುತ್ತಾ ಹೋಗುವ ಧ್ವನಿಯ ಪಟ್ಟಿಯೊಂದು. ಹಳೇ ಅಭ್ಯಾಸದಂತೆ ಫಿಲ್ಮಿನ ಮೇಲೆ ಆರಾಮಾಗಿ ಕತ್ತರಿಸಿ, ಜೋಡಿಸಿ, ನೋಡಿ ಒಪ್ಪಿಗೆಯಾದ ಮೇಲೆ ಆ ಎಣಿಕೆಯನ್ನೇ ಹಿಡಿದು ಅಸಲಿ ಟೇಪಿಗೆ ಬ್ಲೇಡು ಹಾಕುವುದು. ಮೊದಲು ಅಗ್ಗದ ನಕಲಿನ ಮೇಲೆ ಎಡಿಟ್ ಮಾಡಿ, ಆಮೇಲೆ ಅಸಲಿಗೆ ಕೈಹಾಕುವ ಇಂದಿನ ಆಫ್‌ಲೈನ್ ಎಡಿಟಿಂಗಿನ ಮೂಲ ಇಲ್ಲೇ ಇದೆ.

ಇದರ ಪೂರ್ತಿ ಫಲ ಕಂಡದ್ದು 1968ರಿಂದ 1973ರವರೆಗೆ ಎನ್‌ಬಿಸಿಯಲ್ಲಿ ಬಂದ ‘ಲಾಫ್-ಇನ್’ ಎಂಬ ಕಾಮಿಡಿ ಷೋನಲ್ಲಿ. ಅದಕ್ಕೂ ಮುಂಚಿನ ವೆರೈಟಿ ಷೋಗಳಲ್ಲಿ ಹಾಡು, ಕುಣಿತ, ಪ್ರಹಸನ ಒಂದರ ಹಿಂದೊಂದು ನಿಧಾನಕ್ಕೆ ಬರುತ್ತಿದ್ದವು. ಕತ್ತರಿ ಇದ್ದದ್ದು ತಪ್ಪು ಮುಚ್ಚುವುದಕ್ಕೆ. ‘ಲಾಫ್-ಇನ್’ನಲ್ಲಿ ಮಾತ್ರ ಒಂದು ಗಂಟೆಯ ಕಂತಿನಲ್ಲಿ ನೂರಾರು ಕಡೆ ಕತ್ತರಿಸಿ, ನಗು ಆರುವ ಮೊದಲೇ ಮುಂದಿನ ಜೋಕು ತಂದರು. 1968ರಲ್ಲಿ ಅಧ್ಯಕ್ಷೀಯ ಚುನಾವಣೆಗೆ ನಿಂತಿದ್ದ ನಿಕ್ಸನ್ ಅದರಲ್ಲಿ ಬಂದು, ಆ ಷೋದಲ್ಲಿ ಮತ್ತೆ ಮತ್ತೆ ಕೇಳಿಬರುತ್ತಿದ್ದ ‘ಸಾಕ್ ಇಟ್ ಟು ಮೀ?’ ಎಂಬ ಮಾತನ್ನು ಕೇಳಿ ಹೋದದ್ದು ಕೆಲವೇ ಸೆಕೆಂಡು. ಅದನ್ನೇ ಇನ್ನೊಂದಿಷ್ಟು ಎಳೆದಿದ್ದರೆ ಪ್ರಚಾರದ ಜಾಹೀರಾತಾಗುತ್ತಿತ್ತು ಎನ್ನುವುದು ನನ್ನ ಅನಿಸಿಕೆ. ಆ ಷೋದ ಎಡಿಟಿಂಗಿಗೆ ಶ್ನೈಡರ್‌ಗೆ ಎಮಿ ಪ್ರಶಸ್ತಿಯೂ ಬಂತು.

ಬ್ಲೇಡಿನ ಕಾಲ ಹೆಚ್ಚು ಬಾಳಲಿಲ್ಲ. ಪ್ರತಿ ಫ್ರೇಮಿಗೂ ಒಂದು ಸಂಖ್ಯೆ ಕೊಡುವ ಟೈಮ್‌ಕೋಡ್ ಬಂತು, 1971ರಲ್ಲಿ ಕಂಪ್ಯೂಟರಿನಿಂದ ನಡೆಯುವ ಎಡಿಟಿಂಗ್ ಯಂತ್ರ ಸಿಎಂಎಕ್ಸ್ 600 ಬಂತು. ಎಲ್ಲಿ ಕತ್ತರಿಸಬೇಕು ಎಂಬುದನ್ನು ಮಾತ್ರ ಆಮೇಲೂ ಎಡಿಟರೇ ಹೇಳಬೇಕಿತ್ತು.