ಆರು ತಿಂಗಳಾದರೆ ಸ್ಟೇ ಬಿದ್ದುಹೋಗುತ್ತದೆಯೇ?

ಕ್ರಿಮಿನಲ್ ಕೇಸಿಗೆ ಹೈಕೋರ್ಟಿನ ತಡೆಯಾಜ್ಞೆ ಬಿದ್ದಿದ್ದರೆ ದೂರುದಾರರು ಕಚೇರಿಗೆ ಬಂದು ಮೊದಲು ಕೇಳುವುದು ಇದನ್ನೇ: ‘ಸಾರ್, ಆರು ತಿಂಗಳಾದ್ರೆ ಸ್ಟೇ ತಾನಾಗೇ ಬಿದ್ದೋಗುತ್ತಂತಲ್ಲ?’

2018ರ ಮಾರ್ಚಿನಿಂದ ಕೆಲವು ವರ್ಷ ಅದು ನಿಜವಾಗಿತ್ತು. ಕಾರಣ ಬರೆದು ವಿಸ್ತರಿಸದಿದ್ದರೆ ಆರು ತಿಂಗಳಿಗೆ ತಡೆಯಾಜ್ಞೆ ಮುಗಿಯಿತು ಎಂದು ಏಷ್ಯನ್ ರಿಸರ್ಫೇಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿತ್ತು. 2024ರ ಫೆಬ್ರುವರಿ 29ರಂದು ಐವರ ಸಂವಿಧಾನ ಪೀಠ ಆ ನಿಯಮವನ್ನು ತೆಗೆದುಹಾಕಿತು. ಈಗ ಮೂಲ ಅರ್ಜಿ ಇತ್ಯರ್ಥವಾಗಬೇಕು, ಇಲ್ಲವೇ ನೀವು ತೆರವಿಗೆ ಅರ್ಜಿ ಹಾಕಿ ವಾದಿಸಬೇಕು. ಸುಮ್ಮನೆ ಕಾಯುತ್ತ ಕೂತರೆ ವರ್ಷಗಳು ಉರುಳುತ್ತವೆ ಅಷ್ಟೆ.

ಅದೇ ತೀರ್ಪಿನ ಇನ್ನೊಂದು ಮಾತು ಕಕ್ಷಿದಾರರಿಗೆ ಕಹಿ. ಇಂಥ ಕೇಸನ್ನು ಇಷ್ಟು ತಿಂಗಳಲ್ಲಿ ಮುಗಿಸಿ ಎಂದು ಮೇಲಿನ ಕೋರ್ಟುಗಳು ಸಾಮಾನ್ಯವಾಗಿ ಗಡುವು ಹಾಕಬಾರದು, ಅಸಾಧಾರಣ ಸಂದರ್ಭದಲ್ಲಿ ಮಾತ್ರ ಹಾಕಬಹುದು. ನನಗೆ ಇದು ಸರಿ ಎನಿಸುತ್ತದೆ. ಬೆಂಗಳೂರಿಗೋ ಧಾರವಾಡಕ್ಕೋ ಕಲಬುರಗಿಗೋ ಹೋಗಿ ಆದೇಶ ತರಲು ಶಕ್ತಿ ಇದ್ದವರ ಕೇಸು ಮುಂದೆ ಬಂದರೆ, ಅದೇ ಕೋರ್ಟಿನಲ್ಲಿ ಅದಕ್ಕಿಂತ ಹಳೆಯದಾದ ಬಡವನ ಕೇಸು ಹಿಂದೆ ಸರಿಯುತ್ತದೆ.

ಗಡುವಿನ ಜಗಳ ಹಳೆಯದು. ತ್ವರಿತ ವಿಚಾರಣೆ ಸಂವಿಧಾನದ 21ನೇ ವಿಧಿಯ (ಜೀವ, ಸ್ವಾತಂತ್ರ್ಯದ) ಹಕ್ಕು ಎಂದು 1979ರಲ್ಲೇ ಹುಸೈನಾರಾ ಖಾತೂನ್ ಪ್ರಕರಣದಲ್ಲಿ ತೀರ್ಮಾನವಾಯಿತು. ಮುಂದೆ 1996ರಿಂದ ಕೆಲವು ತೀರ್ಪುಗಳು ಇಷ್ಟು ವರ್ಷದಲ್ಲಿ ವಿಚಾರಣೆ ಮುಗಿಯದಿದ್ದರೆ ಕೇಸನ್ನೇ ಕೈಬಿಡಿ ಎಂಬಲ್ಲಿವರೆಗೂ ಹೋದವು. 2002ರಲ್ಲಿ ಸುಪ್ರೀಂ ಕೋರ್ಟಿನ ಏಳು ಮಂದಿಯ ಪೀಠ ಅದನ್ನು ಒಪ್ಪಲಿಲ್ಲ. ಆ ಮೇಲ್ಮನವಿ ಹೋದದ್ದು ನಮ್ಮ ಕರ್ನಾಟಕದಿಂದಲೇ. ಹಾಗಾಗಿ ಇಂದಿಗೂ ಅಳತೆಗೋಲು 1991ರ ಡಿಸೆಂಬರಿನಲ್ಲಿ ಎ.ಆರ್. ಅಂತುಳೆ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಕೊಟ್ಟ ತೀರ್ಪೇ: ಅಪರಾಧ ಎಂಥದು, ಆರೋಪಿಗಳು, ಸಾಕ್ಷಿಗಳು ಎಷ್ಟು ಜನ, ಆ ಕೋರ್ಟಿನ ಹೊರೆ ಎಷ್ಟು, ಎಲ್ಲಕ್ಕಿಂತ ಮುಖ್ಯವಾಗಿ, ತಡ ಮಾಡಿದವರು ಯಾರು?

ಈ ಕೊನೆಯ ಪ್ರಶ್ನೆಗೆ ಉತ್ತರ ಇರುವುದು ಆರ್ಡರ್ ಶೀಟಿನಲ್ಲಿ, ಅಂದರೆ ಪ್ರತಿ ಡೇಟಿಗೂ ಏನಾಯಿತೆಂದು ಕೋರ್ಟು ಬರೆದಿಡುವ ಹಾಳೆಯಲ್ಲಿ. ‘ಆರೋಪಿ 1 ಹಾಜರು, ಆರೋಪಿ 2 ಗೈರು, ವಿನಾಯಿತಿ ಅರ್ಜಿ ಮಂಜೂರು. ಸಾಕ್ಷಿ 3ರ ಸಮನ್ಸ್ ಜಾರಿಯಾಗಿಲ್ಲ. ಮರು ಸಮನ್ಸ್.’ ಮುಂದಿನ ಡೇಟಿಗೂ ಇದೇ ಸಾಲು. ಅದರ ಮುಂದಿನದಕ್ಕೆ ಸಾಕ್ಷಿ ಬಂದಿದ್ದಾನೆ, ಆದರೆ ಆರೋಪಿಯ ಕಡೆಯ ವಕೀಲರೇ ಪಾಟಿ ಸವಾಲಿಗೆ ಕಾಲಾವಕಾಶ ಕೇಳಿದ್ದಾರೆ. ಕೂಲಿ ಬಿಟ್ಟು ಬಸ್ಸು ಹತ್ತಿ ಬಂದ ಆ ಮನುಷ್ಯ ವಾಪಸ್ ಹೋದ. ಇಂಥ ಮೂರ್ನಾಲ್ಕು ಸಾಲು ಆರೋಪಿಯ ಲೆಕ್ಕಕ್ಕೆ ಬಿದ್ದರೆ, ವಿಳಂಬದ ಕಾರಣಕ್ಕೆ ಕೇಸು ರದ್ದು ಮಾಡಿ ಎಂದು ಹೈಕೋರ್ಟಿನ ಮುಂದೆ ನಿಲ್ಲುವುದೇ ಕಷ್ಟ. ಅದಕ್ಕೇ ಅರ್ಜಿ ಬರೆಯುವ ಮೊದಲು ಆರ್ಡರ್ ಶೀಟಿನ ದೃಢೀಕೃತ ಪ್ರತಿ ತರಿಸಿ, ಪ್ರತಿ ಡೇಟಿನ ಎದುರು ಕಾರಣ ಯಾರದು ಎಂದು ಗುರುತು ಹಾಕಿ ಎನ್ನುತ್ತೇನೆ.

ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ (ಸಿಆರ್‌ಪಿಸಿ) ಬದಲಿಗೆ 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 346ನೇ ಕಲಂ ಇಲ್ಲಿ ಒಳ್ಳೆಯ ಅಸ್ತ್ರ. ಸಾಕ್ಷಿ ವಿಚಾರಣೆ ಶುರುವಾದರೆ ದಿನದಿಂದ ದಿನಕ್ಕೆ ನಡೆಯಬೇಕು. ಕೈಮೀರಿದ ಪರಿಸ್ಥಿತಿಯಲ್ಲೂ, ಎದುರಿನವರ ಆಕ್ಷೇಪಣೆ ಕೇಳಿ, ಕಾರಣ ಬರೆದು, ಎರಡಕ್ಕಿಂತ ಹೆಚ್ಚು ಮುಂದೂಡಿಕೆ ಕೊಡುವಂತಿಲ್ಲ. ವಕೀಲರು ಬೇರೆ ಕೋರ್ಟಿನಲ್ಲಿದ್ದಾರೆ ಎಂಬುದು ಕಾರಣವೇ ಅಲ್ಲ. ಮೂರನೇ ಸಲ ವಾಯಿದೆ ಕೇಳಿದಾಗ ಆಕ್ಷೇಪಣೆಯನ್ನು ಬರಹದಲ್ಲಿ ಸಲ್ಲಿಸಿ. ಮುಂದೆ ಹೈಕೋರ್ಟಿನಲ್ಲಿ ಮಾತಾಡುವುದು ಆ ಕಾಗದ.

ಜೈಲಿನಲ್ಲಿರುವವರ ವಿಷಯ ಬೇರೆ, ಅಲ್ಲಿ ಒಂದೊಂದು ಡೇಟೂ ಒಂದು ಬದುಕಿನ ತುಂಡು. ಅದೇ ಸಂಹಿತೆಯ 479ನೇ ಕಲಂ ಪ್ರಕಾರ ಗರಿಷ್ಠ ಶಿಕ್ಷೆಯ ಅರ್ಧದಷ್ಟು ಕಾಲ ಒಳಗಿದ್ದವರಿಗೆ, ಹಿಂದೆ ಶಿಕ್ಷೆಯೇ ಆಗದವರಿಗಾದರೆ ಮೂರನೇ ಒಂದು ಭಾಗ ಕಳೆದಾಗಲೇ, ಬಿಡುಗಡೆಯ ದಾರಿ ಇದೆ. ಮರಣದಂಡನೆ, ಜೀವಾವಧಿ ಶಿಕ್ಷೆಯ ಅಪರಾಧಗಳಿಗೆ ಇದಿಲ್ಲ. ಒಂದಕ್ಕಿಂತ ಹೆಚ್ಚು ಕೇಸು ಬಾಕಿ ಇದ್ದರೂ ಇಲ್ಲ. ಆರೋಪಿಯೇ ಮಾಡಿದ ತಡವನ್ನು ಲೆಕ್ಕದಿಂದ ಕಳೆಯುತ್ತಾರೆ. 2024ರ ಜುಲೈ 1ಕ್ಕಿಂತ ಹಿಂದಿನ ಕೇಸುಗಳಿಗೂ ಇದು ಅನ್ವಯ ಎಂದು ಅದೇ ವರ್ಷದ ಆಗಸ್ಟಿನಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿದೆ. ಅವಧಿ ತುಂಬಿದ ಕೂಡಲೇ ಕೋರ್ಟಿಗೆ ಅರ್ಜಿ ಹಾಕುವ ಹೊಣೆ ಜೈಲು ಸೂಪರಿಂಟೆಂಡೆಂಟರದು. ಮನೆಯವರು ಬಂಧನದ ದಿನಾಂಕ, ಕಲಂ, ಅವಧಿ ತುಂಬುವ ದಿನ ಬರೆದು ಅವರಿಗೊಂದು ಪ್ರತಿ, ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೊಂದು ಪ್ರತಿ ಕೊಟ್ಟು ಸ್ವೀಕೃತಿ ಪಡೆಯಲಿ. ಬಂಧನದಲ್ಲಿರುವವರಿಗೆ ಆದಾಯ ಎಷ್ಟೇ ಇರಲಿ, ಪ್ರಾಧಿಕಾರದ ವಕೀಲರು ಉಚಿತ.