ಜೋನಾಸ್ ಮೇಕಸ್ ಚಿತ್ರ ಯಾಕೆ ಅದುರುತ್ತದೆ?

ಸಿನಿಮಾ ನಿರ್ದೇಶಕ ಮೇಕಸ್ ಅವರ 'ವಾಲ್ಡನ್' (1969) ಮೂರು ಗಂಟೆಯ ಚಿತ್ರ. ಮದುವೆ, ಹಿಮ, ಉದ್ಯಾನ, ಗೆಳೆಯರ ಮನೆ... ಕಥೆ ಈಗ ಶುರುವಾಗುತ್ತೆ, ಆಗ ಶುರುವಾಗುತ್ತೆ ಅಂತ ಕಾದವರಲ್ಲಿ ನಾನೂ ಒಬ್ಬ. ಅದು ಶುರುವಾಗುವುದೇ ಇಲ್ಲ. ಮೇಲಾಗಿ ಚಿತ್ರ ಅದುರುತ್ತದೆ, ಹಾರುತ್ತದೆ. ಆ ಅದುರಾಟ ಅರ್ಥವಾದರೆ ಮೇಕಸ್ ಅರ್ಧ ಅರ್ಥವಾದ ಹಾಗೆ.

ಹಿನ್ನೆಲೆ ಚುಟುಕಾಗಿ: 1922ರಲ್ಲಿ ಲಿಥುವೇನಿಯಾದ ಹಳ್ಳಿಯೊಂದರಲ್ಲಿ, ರೈತರ ಮನೆಯಲ್ಲಿ ಜನನ. ಯುದ್ಧಕಾಲದಲ್ಲಿ ಜರ್ಮನಿಯ ದುಡಿಮೆ ಶಿಬಿರ, ಆಮೇಲೆ ನಿರಾಶ್ರಿತರ ಶಿಬಿರ. 1949ರಲ್ಲಿ ತಮ್ಮ ಅಡೋಲ್ಫಾಸ್ ಜೊತೆ ನ್ಯೂಯಾರ್ಕ್. ಬಂದ ಹೊಸದರಲ್ಲೇ ಸಾಲ ಮಾಡಿ ಬೊಲೆಕ್ಸ್ ಕ್ಯಾಮೆರಾ ಕೊಂಡರು.

ಗುಟ್ಟು ಈ ಕ್ಯಾಮೆರಾದಲ್ಲಿದೆ. ಹಳೇ ಗಡಿಯಾರದ ಹಾಗೆ ಇದಕ್ಕೆ ಕೀಲಿ ಕೊಡಬೇಕು; ಒಂದು ಕೀಲಿಗೆ ಅರ್ಧ ನಿಮಿಷವೂ ಓಡುವುದಿಲ್ಲ. ರೀಲು 100 ಅಡಿ. 16 ಎಂಎಂ ಫಿಲ್ಮಿನಲ್ಲಿ ಅಡಿಗೆ 40 ಫ್ರೇಮು (ಬಿಡಿ ಚಿತ್ರ), ಅಂದರೆ ರೀಲಿಗೆ 4,000. ಸೆಕೆಂಡಿಗೆ 24ರಂತೆ ಭಾಗಿಸಿದರೆ ಮೂರು ನಿಮಿಷಕ್ಕೂ ಕಮ್ಮಿ. ಆದರೆ ಒಂದೊಂದೇ ಫ್ರೇಮು ತೆಗೆಯಲೂ ಬರುತ್ತದೆ. ಮೇಕಸ್ ಇದನ್ನೇ ಹಿಡಿದುಕೊಂಡರು. ಹೂವಿನ ಮೇಲೆ ನಾಲ್ಕು ಫ್ರೇಮು, ನಿಲ್ಲಿಸು, ಯಾರದೋ ನಗುವಿನ ಮೇಲೆ ಎರಡು, ನಿಲ್ಲಿಸು, ಮತ್ತೆ ಹೂವು. ತೆರೆಯ ಮೇಲೆ ಅದುರಾಟವಾಗಿ ಕಾಣುವುದು ಇದೇ. ಹೀಗೆ ಶೂಟಿಂಗ್ ಆಗುವಾಗಲೇ ಎಡಿಟಿಂಗೂ ಆಗಿಬಿಡುತ್ತದೆ. ಹಾಗಂತ 'ಮೇಕಸ್ ಎಡಿಟ್ ಮಾಡುತ್ತಿರಲಿಲ್ಲ' ಅಂತ ಬರೆಯಬೇಡಿ, ತಪ್ಪು. ಯಾವ ರೀಲು ಇರಲಿ, ಯಾವುದು ಬೇಡ ಅನ್ನುವುದನ್ನು ಮೇಜಿನ ಮುಂದೆ ಕೂತೇ ತೀರ್ಮಾನಿಸುತ್ತಿದ್ದರು.

ಮೇಕಸ್ ಸಿನಿಮಾಗಳನ್ನು 'ಡೈರಿ ಚಿತ್ರ' ಅನ್ನುತ್ತಾರೆ. ಈ 'ಡೈರಿ' ಅನ್ನುವ ಪದವೂ ಸ್ವಲ್ಪ ದಾರಿ ತಪ್ಪಿಸುತ್ತದೆ. ಡೈರಿ ಬರೆಯುವವರು ದಿನ ಮುಗಿದ ಮೇಲೆ ಕೂತು ನೆನೆಸಿಕೊಳ್ಳುತ್ತಾರೆ. ಕ್ಯಾಮೆರಾಕ್ಕೆ ಆ ಅನುಕೂಲ ಇಲ್ಲ, ಬೆಳಗಿನ ಹಿಮವನ್ನು ರಾತ್ರಿ ಚಿತ್ರಿಸಲಾಗದು. ನೆನೆಸಿಕೊಳ್ಳುವ ಕೆಲಸವನ್ನು ಮೇಕಸ್ ತಮ್ಮ ದನಿಗೆ ಬಿಟ್ಟರು, ಅದೂ ಎಷ್ಟೋ ವರ್ಷಗಳ ನಂತರ. 'ಲಾಸ್ಟ್ ಲಾಸ್ಟ್ ಲಾಸ್ಟ್' ಚಿತ್ರದ ದೃಶ್ಯಗಳು 1949ರಿಂದ 1963ರವರೆಗಿನವು, ಚಿತ್ರ ಮುಗಿದದ್ದು 1976ರಲ್ಲಿ. ತೆರೆಯ ಮೇಲೆ ಇಪ್ಪತ್ತೇಳರ ವಲಸಿಗ, ಮಾತಾಡುವವನು ಐವತ್ತು ದಾಟಿದವನು.

1971ರ ಆಗಸ್ಟ್‌ನಲ್ಲಿ, 27 ವರ್ಷದ ನಂತರ, ಊರಿಗೆ ಹೋದಾಗ ಚಿತ್ರಿಸಿದ ತುಣುಕುಗಳಿಗೆ ಅವರು ಬರೀ ನಂಬರ್ ಕೊಟ್ಟಿದ್ದಾರೆ. ತಾಯಿ ಅಂಗಳದಲ್ಲಿ ಒಲೆ ಹೊತ್ತಿಸಿ ಅಡುಗೆಗೆ ನಿಂತಿದ್ದಾರೆ. ಕ್ಯಾಮೆರಾ ಅಲ್ಲೂ ಅದುರುತ್ತದೆ.