ರೇ ಡೇವಿಸ್ ಬೀಟಲ್ಸ್‌ನವರಷ್ಟು ಹೆಸರು ಮಾಡಲಿಲ್ಲ, ಯಾಕೆ?

ಪ್ರಶ್ನೆ: ಬೀಟಲ್ಸ್, ರೋಲಿಂಗ್ ಸ್ಟೋನ್ಸ್ ಅಂದ್ರೆ ಎಲ್ಲರಿಗೂ ಗೊತ್ತು. ಅದೇ ಕಾಲದ ಕಿಂಕ್ಸ್ ಬ್ಯಾಂಡಿನ ರೇ ಡೇವಿಸ್ ಅಷ್ಟು ಒಳ್ಳೆಯ ಹಾಡು ಬರೆದರೂ ಆ ಮಟ್ಟಕ್ಕೆ ಯಾಕೆ ಹೋಗಲಿಲ್ಲ?

ಉತ್ತರ: ಮುಖ್ಯ ಕಾರಣ, ಅಮೆರಿಕ ಬಾಗಿಲು ಹಾಕಿತು. ಅದೂ ನಾಲ್ಕು ವರ್ಷ.

ಶುರುವಾತು ಮಾತ್ರ ಜೋರಾಗಿಯೇ ಇತ್ತು. ರೇ ಹುಟ್ಟಿದ್ದು 1944ರಲ್ಲಿ, ಉತ್ತರ ಲಂಡನ್ನಿನಲ್ಲಿ. ಆರು ಜನ ಅಕ್ಕಂದಿರು, ಒಬ್ಬ ತಮ್ಮ, ಡೇವ್. ಈ ಡೇವ್ ಒಂದು ಅಗ್ಗದ ಪುಟ್ಟ ಆಂಪ್ಲಿಫೈಯರ್ ತಗೊಂಡು, ಅದರ ಸ್ಪೀಕರನ್ನು ಬ್ಲೇಡಿನಿಂದ ಸೀಳಿಬಿಟ್ಟರು. ಹರಿದ ತಮಟೆಯ ಹಾಗೆ ಗಿಟಾರ್ ಗೊರಗುಟ್ಟಿತು. ಆ ಸದ್ದಿನ ಮೇಲೆ ರೇ ಬರೆದ 'ಯು ರಿಯಲಿ ಗಾಟ್ ಮಿ' 1964ರಲ್ಲಿ ಜನಪ್ರಿಯ ಹಾಡುಗಳ ಪಟ್ಟಿಯಲ್ಲಿ ಬ್ರಿಟನ್ನಿನಲ್ಲಿ ಒಂದನೇ ಸ್ಥಾನಕ್ಕೆ, ಅಮೆರಿಕದಲ್ಲಿ ಏಳನೇ ಸ್ಥಾನಕ್ಕೆ ಹೋಯಿತು.

ಆದರೆ ಬ್ಯಾಂಡಿನಲ್ಲಿ ಜಗಳ ಜಾಸ್ತಿ. 1965ರಲ್ಲಿ ಕಾರ್ಡಿಫ್‌ನ ವೇದಿಕೆ ಮೇಲೇ ಡ್ರಮ್ಮರ್ ಮಿಕ್ ಏವರಿ ಡೇವ್ ತಲೆಗೆ ಬಾರಿಸಿ ಆಸ್ಪತ್ರೆಗೆ ಕಳಿಸಿದ್ದರು. ಅದೇ ವರ್ಷದ ಅಮೆರಿಕ ಪ್ರವಾಸವೂ ರಂಪವಾಯಿತು. ಅಲ್ಲಿನ ಸಂಗೀತಗಾರರ ಸಂಘ ಇವರಿಗೆ ಪರ್ಮಿಟ್ ಕೊಡುವುದನ್ನೇ ನಿಲ್ಲಿಸಿತು. 1969ರವರೆಗೆ ಅಲ್ಲಿ ಒಂದು ಕಾರ್ಯಕ್ರಮವೂ ಇಲ್ಲ. ಉಳಿದ ಬ್ಯಾಂಡುಗಳು ದೊಡ್ಡದಾಗಿದ್ದೇ ಆ ನಾಲ್ಕು ವರ್ಷದಲ್ಲಿ, ಅಲ್ವಾ?

ನನ್ನ ಮಟ್ಟಿಗೆ, ರೇ ನಿಜವಾದ ಬರಹಗಾರ ಆಗಿದ್ದೂ ಆಗಲೇ. ಅಮೆರಿಕದವರ ಹಾಗೆ ಹಾಡುವ ಹಂಗು ತಪ್ಪಿತು. ಅಕ್ಕಪಕ್ಕದ ಮನೆ, ತೆರಿಗೆಗೆ ಆಸ್ತಿ ಕಳೆದುಕೊಂಡ ಸಾಹುಕಾರ, ಸ್ಟೇಷನ್ನಿನ ಜನ, ಎಲ್ಲ ಹಾಡಿಗೆ ಬಂದವು. ಆ ಸಾಹುಕಾರನ ಹಾಡು, 'ಸನ್ನಿ ಆಫ್ಟರ್‌ನೂನ್', 1966ರಲ್ಲಿ ಬೀಟಲ್ಸ್ ಹಾಡನ್ನೇ ಕೆಳಗಿಳಿಸಿ ಒಂದನೇ ಸ್ಥಾನಕ್ಕೆ ಏರಿತು. 1967ರ 'ವಾಟರ್‌ಲೂ ಸನ್‌ಸೆಟ್' ಇನ್ನೂ ಚೆನ್ನ. ಒಬ್ಬ ತನ್ನ ಕಿಟಕಿಯಿಂದ ಥೇಮ್ಸ್ ನದಿ, ಸೇರಿಕೊಳ್ಳುವ ಜೋಡಿ, ಮುಳುಗುವ ಸೂರ್ಯನನ್ನು ನೋಡುತ್ತಾನೆ. ಅಷ್ಟೇ. ಕೆಳಗಿಳಿದು ಬರುವುದೂ ಇಲ್ಲ. (ನಮ್ಮ ಕಡೆಯ ನಂಟೂ ಒಂದಿದೆ. 1965ರಲ್ಲಿ ಬಾಂಬೆಯಲ್ಲಿ ತಂಗಿದ್ದಾಗ ಬೆಳಗಿನ ಜಾವ ಕೇಳಿದ ಮೀನುಗಾರರ ಹಾಡೇ 'ಸೀ ಮೈ ಫ್ರೆಂಡ್ಸ್' ಹುಟ್ಟಲು ಕಾರಣ ಅಂತ ರೇ ಹೇಳಿದ್ದಾರೆ.)

ಗ್ರಹಚಾರ ನೋಡಿ. ಹಳ್ಳಿಯ ಹಸಿರು ಬಯಲನ್ನೇ ವಸ್ತು ಮಾಡಿಕೊಂಡ ಅವರ ಆಲ್ಬಂ, 'ವಿಲೇಜ್ ಗ್ರೀನ್ ಪ್ರಿಸರ್ವೇಶನ್ ಸೊಸೈಟಿ', 1968ರ ನವೆಂಬರ್ 22ಕ್ಕೆ ಬಂತು. ಬೀಟಲ್ಸ್‌ನ ಬಿಳಿ ರಟ್ಟಿನ ಜೋಡಿ ಆಲ್ಬಂ ಬಂದದ್ದೂ ಅದೇ ದಿನ! ಕಿಂಕ್ಸ್ ಆಲ್ಬಂ ಮಾರಾಟದ ಪಟ್ಟಿಗೇ ಸೇರಲಿಲ್ಲ. ಈಗ ಅದನ್ನೇ ಅವರ ಅತ್ಯುತ್ತಮ ಕೆಲಸ ಅಂತ ಹೊಗಳುವವರು ಬೇಕಾದಷ್ಟು ಜನ.

ಕೊನೆಗೆ 1970ರಲ್ಲಿ 'ಲೋಲಾ'. ಅದರಲ್ಲಿ ಕೋಕಾ ಕೋಲಾ ಅನ್ನುವ ಮಾತಿತ್ತು. ಕಂಪನಿ ಹೆಸರಿದ್ದರೆ ಆಗ ಬಿಬಿಸಿ ಹಾಕುತ್ತಿರಲಿಲ್ಲ. ಪ್ರವಾಸದ ನಡುವೆ ರೇ ನ್ಯೂಯಾರ್ಕಿನಿಂದ ಲಂಡನ್ನಿಗೆ ಹಾರಿ, ಆ ಜಾಗದಲ್ಲಿ ಚೆರಿ ಕೋಲಾ ಅಂತ ಹಾಡಿ, ವಾಪಸ್ ಹೋದರು. ತಾಳ ಒಂಚೂರೂ ತಪ್ಪಲಿಲ್ಲ. ಹಾಡು ಅಮೆರಿಕದಲ್ಲಿ ಒಂಬತ್ತನೇ ಸ್ಥಾನ ಮುಟ್ಟಿತು. ಅಷ್ಟು ಹೊತ್ತಿಗೆ ಬೀಟಲ್ಸ್ ಒಡೆದೇ ಹೋಗಿತ್ತು.